ನಕಲಿ ಅಧಿಕಾರಿ ಹೋಟೆಲಿಗೆ ಬಂದರೆ

ಮಂಗಳೂರಿನ ಹಂಪನಕಟ್ಟೆಯಲ್ಲಿ ನನ್ನದು ಸಣ್ಣ ಹೋಟೆಲು. ‘ಫುಡ್ ಇನ್‌ಸ್ಪೆಕ್ಟರ್’ ಅಂತ ಯಾರಾದರೂ ಬಂದರೆ ಗಾಬರಿಯಾಗಬೇಡಿ. ಕೂರಿಸಿ, ನೀರು ಕೊಡಿ, ಗುರುತಿನ ಚೀಟಿ ಕೇಳಿ. ಸುಮ್ನೆ ತೋರಿಸಿ ಜೇಬಿಗೆ ಹಾಕಿಕೊಂಡರೆ ಸಾಲದು. ಹೆಸರು, ಹುದ್ದೆ, ಕಚೇರಿ ಓದಿ ಬರೆದುಕೊಳ್ಳಿ. ಆಮೇಲೆ ಆ ಕಚೇರಿಗೆ ನೀವೇ ಫೋನ್ ಮಾಡಿ, ಅವರು ಕೊಟ್ಟ ನಂಬರಿಗಲ್ಲ.

“ರಸೀದಿ ಬೇಡ, ಈ ನಂಬರಿಗೆ ದಂಡದ ಹಣ ಹಾಕಿ” ಅಂದರೆ ಪೊಲೀಸರ ತುರ್ತು ನಂಬರ್ 112ಕ್ಕೆ ಕರೆ ಮಾಡಿ. ಆನ್‌ಲೈನಲ್ಲಿ ಹಣ ಹೋಗಿದ್ದರೆ ತಕ್ಷಣ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ದೂರಿನಲ್ಲಿ ಜಾಸ್ತಿ ಜನ ಒಂದು ವಿಷಯ ಬಿಡುತ್ತಾರೆ. ಅಧಿಕಾರಿ ಅಂತ ಹೇಳಿಕೊಂಡು ಬಂದ ಅಂತಷ್ಟೇ ಬರೆಯಬೇಡಿ. ಆ ಹೆಸರಲ್ಲಿ ಏನು ಮಾಡಿದ? ಫ್ರಿಜ್ ತೆಗೆಸಿದ, ಲೈಸೆನ್ಸ್ ಕೇಳಿದ, ದಂಡ ಹೇಳಿದ, ಎಲ್ಲ ಬರೆಯಿರಿ. ಸರ್ಕಾರಿ ಅಧಿಕಾರಿ ಅಂತ ಸುಳ್ಳು ಹೇಳಿ ಆ ಹೆಸರಲ್ಲಿ ಕೆಲಸ ಮಾಡುವುದಕ್ಕೆ ಶಿಕ್ಷೆ ಹೇಳುವ ಭಾರತೀಯ ನ್ಯಾಯ ಸಂಹಿತೆಯ 204ನೇ ಸೆಕ್ಷನ್‌ಗೆ ಅದೇ ಮುಖ್ಯ. ಶಿಕ್ಷೆ 6 ತಿಂಗಳಿಂದ 3 ವರ್ಷ ಜೈಲು, ಜೊತೆಗೆ ದಂಡ. ನೀವು ಹಣ ಕೊಡದಿದ್ದರೂ ದೂರು ಕೊಡಿ, ಪ್ರಯತ್ನವೂ ಅಪರಾಧವೇ.