ಊರಿನ ಚರಿತ್ರೆ ಬರೆಯುವುದು ಹೇಗೆ: ದುರ್ಗ–ದಾವಣಗೆರೆ ಸೀಮೆಯ ಹಳ್ಳಿಗಳಿಗೆ

ಈ ಸೀಮೆಯಲ್ಲಿ ಹಳ್ಳಿಯ ಚರಿತ್ರೆ ಬರೆಯಲು ಕೂತವರು ಮೊದಲ ಪುಟದಲ್ಲೇ ಮದಕರಿ ನಾಯಕನನ್ನು ಕರೆತಂದುಬಿಡುತ್ತಾರೆ. ನಾಯಕ ಆ ಊರಿಗೆ ಕಾಲಿಟ್ಟಿದ್ದನೋ ಇಲ್ಲವೋ ಹೇಳುವವರಿಲ್ಲ. ಆದರೆ ಊರ ಮುಂದಿನ ಹೊಲಕ್ಕೆ ‘ಕಪಿಲೆಬಾವಿ ಹೊಲ’ ಅಂತ ಯಾಕೆ ಹೆಸರು ಬಂತು ಅನ್ನುವುದನ್ನು ಹೇಳುವ ಮುದುಕರು ಇನ್ನೂ ಕಟ್ಟೆಯ ಮೇಲೆ ಕೂತಿದ್ದಾರೆ. ಕೆಲಸ ಆ ಹೊಲದಿಂದ ಶುರುವಾಗಲಿ. ರಾಜರು ಕಾಯುತ್ತಾರೆ, ಮುದುಕರು ಕಾಯುವುದಿಲ್ಲ.

ನಕಾಶೆ ಹಿಡಿದು ಹೊಲ ಸುತ್ತುವುದು

ತಾಲ್ಲೂಕಿನ ಸರ್ವೆ ಕಚೇರಿಯಿಂದ ಗ್ರಾಮ ನಕಾಶೆ ತೆಗೆದುಕೊಳ್ಳಿ. ಭೂದಾಖಲೆಗಳ ಜಾಲತಾಣದಲ್ಲೂ ಸಿಗುತ್ತದೆ. ಮೊಬೈಲಿನಲ್ಲಿ ನೋಡಿದರೆ ಸಾಲದು, ದೊಡ್ಡ ಹಾಳೆಯಲ್ಲಿ ನಾಲ್ಕು ಪ್ರತಿ ಮಾಡಿಸಿ. ಒಂದರಲ್ಲಿ ಹೊಲಗಳ ಹೆಸರು, ಇನ್ನೊಂದರಲ್ಲಿ ನೀರು (ಕೆರೆ, ಕಟ್ಟೆ, ಬಾವಿ, ಹಳ್ಳ), ಮೂರನೆಯದರಲ್ಲಿ ಕಲ್ಲು ಮತ್ತು ಗುಡಿ ಗುರುತು ಮಾಡಿ. ನಾಲ್ಕನೆಯದು ತಿದ್ದುವುದಕ್ಕೆ.

ಸುತ್ತಲು ಒಳ್ಳೆಯ ಕಾಲ ಸುಗ್ಗಿ ಮುಗಿದ ಮೇಲೆ, ಮಾಘದಿಂದ ಯುಗಾದಿವರೆಗೆ. ಹೊಲ ಖಾಲಿ ಇರುತ್ತದೆ, ಬೆಳೆಯಲ್ಲಿ ಮುಚ್ಚಿಹೋದ ಕಲ್ಲು ಕಾಣುತ್ತದೆ, ಜನಕ್ಕೂ ಪುರುಸೊತ್ತು. ಮುಂಗಾರು ಬಿದ್ದು ಕೂರಿಗೆ ಹೂಡುವ ಹೊತ್ತಿನಲ್ಲಿ ಹೋಗಿ ಚರಿತ್ರೆ ಕೇಳಿದರೆ ಬೈಸಿಕೊಳ್ಳುವುದು ನ್ಯಾಯವೇ.

ಜೊತೆಗೆ ಇಬ್ಬರು ಹಿರಿಯರಿರಲಿ: ಒಬ್ಬರು ಊರೊಳಗಿನವರು, ಇನ್ನೊಬ್ಬರು ಕೇರಿ ಅಥವಾ ಹಟ್ಟಿಯವರು. ಒಂದೇ ಹೊಲಕ್ಕೆ ಇಬ್ಬರೂ ಬೇರೆ ಬೇರೆ ಹೆಸರು ಹೇಳುತ್ತಾರೆ, ಎರಡನ್ನೂ ಬರೆದುಕೊಳ್ಳಿ. ‘ಹಾಳೂರು’, ‘ಹಾಳುದಿಬ್ಬ’ ಅಂದ ಕಡೆ ಬೂದಿ ಮಣ್ಣು, ಮಡಕೆ ಚೂರು, ಸವೆದ ಒರಳು ಇವೆಯೇ ನೋಡಿ. ಇದ್ದರೆ ಅಲ್ಲಿ ಹಿಂದೆ ಜನ ವಾಸವಿದ್ದರು. ದಾಖಲೆಯಲ್ಲಿ ‘ಬೇಚರಾಕ್ ಗ್ರಾಮ’ ಎಂದಿದ್ದರೆ ಗಡಿ, ಸರ್ವೆ ನಂಬರ್ ಎಲ್ಲ ಇದ್ದೂ ಮನೆಯಿಲ್ಲದ ಊರು ಎಂದರ್ಥ. ಆ ಜನ ಎಲ್ಲಿಗೆ ಹೋದರು, ಅವರ ದೇವರನ್ನು ಈಗ ಯಾರು ಪೂಜಿಸುತ್ತಾರೆ ಎಂದು ಕೇಳಿದರೆ ನಿಮ್ಮೂರಿನ ಅರ್ಧ ಮನೆತನಗಳ ಮೂಲ ಸಿಕ್ಕರೂ ಸಿಕ್ಕಬಹುದು.

ಕೆರೆಯಿದ್ದರೆ ಏರಿಯ ಮೇಲೆ ಪೂರ್ತಿ ನಡೆಯಿರಿ. ತೂಬು ಎಷ್ಟು, ಕೋಡಿ ಯಾವ ಕಡೆ, ಅಚ್ಚುಕಟ್ಟು ಯಾವ ಸರ್ವೆ ನಂಬರಿನವರೆಗೆ, ನೀರು ಹಂಚುವ ನೀರುಗಂಟಿ ಯಾವ ಮನೆಯವರು, ಅವರಿಗೆ ಕೊಡುತ್ತಿದ್ದ ಕಾಳೆಷ್ಟು, ಇವನ್ನೆಲ್ಲ ಬರೆದುಕೊಳ್ಳಿ. ತೂಬಿನ ಕಲ್ಲು, ಕೋಡಿಯ ಪಕ್ಕದ ಬಂಡೆ ಇವುಗಳಲ್ಲಿ ಶಾಸನ ಸಿಗುವ ಸಾಧ್ಯತೆ ಹೆಚ್ಚು.

ಹಳೇ ಮನೆಗಳ ಮುಂದೆ ಹಗೇವು ಇದ್ದರೆ ಎಣಿಸಿ. ಜೋಳ, ರಾಗಿ ತುಂಬಿಡುತ್ತಿದ್ದ ಆ ನೆಲಗುಳಿಗಳ ಲೆಕ್ಕ ಯಾವ ಓಣಿಯಲ್ಲಿ ಕಾಳಿತ್ತು, ಯಾವ ಓಣಿಯಲ್ಲಿ ಇರಲಿಲ್ಲ ಎಂದು ತೋರಿಸಿಬಿಡುತ್ತದೆ. ಆದರೆ ಮುಚ್ಚಿದ ಹಗೇವಿಗೆ ಅಳತೆ ತೆಗೆಯಲು ಇಳಿಯಬೇಡಿ. ಒಳಗೆ ಕೆಟ್ಟ ಗಾಳಿ ಕಟ್ಟಿಕೊಂಡಿರುತ್ತದೆ. ಹಿಂದಿನವರು ಬಾಯಿ ತೆರೆದು ಬಹಳ ಹೊತ್ತು ಬಿಟ್ಟು, ಹಗ್ಗಕ್ಕೆ ದೀಪ ಕಟ್ಟಿ ಇಳಿಬಿಟ್ಟು, ಅದು ಆರದಿದ್ದರೆ ಮಾತ್ರ ಇಳಿಯುತ್ತಿದ್ದರು. ಚರಿತ್ರೆಗೆ ಮೇಲಿನಿಂದ ಕೋಲು ಇಳಿಬಿಟ್ಟು ಆಳ ನೋಡಿದರೆ ಸಾಕು.

ಕಾಗದಪತ್ರ

ಕಂಪ್ಯೂಟರ್ ಪಹಣಿ ಇತ್ತೀಚಿನದು, ಸುಮಾರು 2000ರಿಂದ ಈಚಿನದು. ಚರಿತ್ರೆ ಇರುವುದು ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನ ಕೈಬರಹದ ಪಹಣಿಯಲ್ಲಿ. ಸರ್ವೆ ನಂಬರ್ ಮತ್ತು ಯಾವ ವರ್ಷದಿಂದ ಯಾವ ವರ್ಷದವರೆಗೆ ಎಂದು ಸ್ಪಷ್ಟವಾಗಿ ಬರೆದು ನಕಲು ಕೇಳಿ. ‘ಊರಿನ ಎಲ್ಲ ಹಳೇ ದಾಖಲೆ’ ಎಂದು ಬರೆದ ಅರ್ಜಿ ಮೂಲೆ ಸೇರುತ್ತದೆ. ಕೊಡದಿದ್ದರೆ ಮಾಹಿತಿ ಹಕ್ಕಿನಡಿ 10 ರೂಪಾಯಿ ಶುಲ್ಕದ ಅರ್ಜಿ ಹಾಕಿ, 30 ದಿನದಲ್ಲಿ ಉತ್ತರ ಕೊಡಬೇಕು.

9ನೇ ಕಾಲಂ ಸ್ವಾಧೀನದಾರರದು, 12ನೆಯದು ಉಳುಮೆ ಮತ್ತು ಬೆಳೆಯದು. ಹೆಚ್ಚಿನವರು 9ನ್ನು ನೋಡಿ ಮುಗಿಸುತ್ತಾರೆ, ನೀವು 12ನ್ನು ಓದಿ. 1974ರ ಮಾರ್ಚ್ 1ರಂದು ಭೂಸುಧಾರಣೆ ತಿದ್ದುಪಡಿ ಜಾರಿಗೆ ಬರುವ ಮುಂಚಿನ ವರ್ಷಗಳಲ್ಲಿ ಒಡೆಯರ ಹೆಸರು ಒಂದಿದ್ದು ಉಳುವವರ ಹೆಸರು ಬೇರೆ ಇದ್ದರೆ, ಆ ನೆಲದಲ್ಲಿ ಗೇಣಿ ಇತ್ತು. ನಮೂನೆ 7 (ಉಳುವ ನೆಲ ತಮ್ಮ ಹೆಸರಿಗೆ ಆಗಲಿ ಎಂದು ಗೇಣಿದಾರರು ಹಾಕುತ್ತಿದ್ದ ಅರ್ಜಿ) ಹಾಕಿದವರು ಯಾರು, ಹಾಕದೆ ಸುಮ್ಮನಿದ್ದವರು ಯಾರು, ಯಾಕೆ ಸುಮ್ಮನಿದ್ದರು? ಇದನ್ನು ಎರಡೂ ಕಡೆಯವರಲ್ಲಿ ಕೇಳಬೇಕು, ಬೇರೆ ಬೇರೆ ದಿನ ಕೇಳಬೇಕು. ಖರಾಬಿನಲ್ಲೂ ಎರಡು ಬಗೆ: ‘ಅ’ ಖರಾಬು ಬೇಸಾಯಕ್ಕೆ ಬಾರದ್ದು, ‘ಬ’ ಖರಾಬು ದಾರಿ, ಹಳ್ಳ, ಸ್ಮಶಾನದಂಥ ಸಾರ್ವಜನಿಕ ಜಾಗ. ಊರಿನ ಹಳೇ ಬಂಡಿದಾರಿಗಳು ‘ಬ’ ಖರಾಬಿನಲ್ಲಿ ಉಳಿದಿವೆ, ನೆಲದ ಮೇಲೆ ಉಳಿದಿರದಿದ್ದರೂ.

ಗೌಡ, ಶಾನುಭೋಗ, ತಳವಾರ, ತೋಟಿ ಮುಂತಾದ ವಂಶಪಾರಂಪರ್ಯ ಹುದ್ದೆಗಳು 1963ರ ಫೆಬ್ರವರಿ 1ರಿಂದ ರದ್ದಾದವು. ಆಗ ಕೆಲವು ಶಾನುಭೋಗರ ಮನೆಗಳಲ್ಲೇ ಉಳಿದ ಕಡತ ಈಗಲೂ ಅಟ್ಟದ ಮೇಲಿರಬಹುದು. ಕೇಳುವಾಗ ‘ಓದಿಕೊಂಡು ಇಲ್ಲೇ ಇಡುತ್ತೇವೆ’ ಎನ್ನಿ. ಮನೆಯಿಂದ ಹೊರಗೆ ಒಯ್ಯುವ ಮಾತು ಬಂದರೆ ಅಟ್ಟದ ಬಾಗಿಲು ಮುಚ್ಚಿತು. ಹಳೇ ಕೂಡುಬರಹವಾದ ಮೋಡಿ ಲಿಪಿಯಲ್ಲಿದ್ದರೆ ಫೋಟೊ ತೆಗೆದಿಡಿ, ಓದುವವರು ಸಿಕ್ಕಾಗ ಓದಿಸಿ.

ಶಾಲೆಯ ದಾಖಲಾತಿ ರಿಜಿಸ್ಟರಿನಲ್ಲಿ ಯಾವ ಕೇರಿಯ ಮೊದಲ ಮಗು ಯಾವ ವರ್ಷ ಸೇರಿತು, ಮೊದಲ ಹುಡುಗಿ ಯಾವಾಗ ಸೇರಿದಳು ಎಂಬುದು ಸಿಗುತ್ತದೆ. ಹುಟ್ಟಿದ ದಿನವನ್ನು ಮಾತ್ರ ನಂಬಬೇಡಿ. ಅರ್ಧ ಊರು ಜೂನ್ ಒಂದರಂದು ಹುಟ್ಟಿದಂತೆ ಕಂಡರೆ ಅದು ಮೇಷ್ಟ್ರ ಕೈಚಳಕ.

ಕಲ್ಲು ಮತ್ತು ಶಾಸನ

ನಿಮ್ಮೂರ ಶಾಸನ ಆಗಲೇ ಓದಿ ಅಚ್ಚಾಗಿದೆಯೇ ಎಂದು ಮೊದಲು ನೋಡಿ. ಹಳೇ ಚಿತ್ರದುರ್ಗ ಜಿಲ್ಲೆಯ ಶಾಸನಗಳು ಬಿ. ಎಲ್. ರೈಸ್ ಅವರ ಎಪಿಗ್ರಾಫಿಯಾ ಕರ್ನಾಟಿಕಾದ 11ನೇ ಸಂಪುಟದಲ್ಲಿವೆ. ದಾವಣಗೆರೆ, ಜಗಳೂರು ಆಗ ಇದೇ ಜಿಲ್ಲೆಯಲ್ಲಿದ್ದವು. ಹೊನ್ನಾಳಿ, ಚನ್ನಗಿರಿಯವರು ಅದರಲ್ಲಿ ಹುಡುಕಿದರೆ ಸಿಗುವುದಿಲ್ಲ. ಆ ತಾಲ್ಲೂಕುಗಳು ಆಗ ಶಿವಮೊಗ್ಗದಲ್ಲಿದ್ದವು, 7ನೇ ಸಂಪುಟ ನೋಡಬೇಕು. ಹರಪನಹಳ್ಳಿ ಕಡೆಯವರಿಗೆ ಮದ್ರಾಸು ಪ್ರಾಂತದ ದಾಖಲೆ: ದಕ್ಷಿಣ ಭಾರತ ಶಾಸನಗಳ 9ನೇ ಸಂಪುಟ. ದಾವಣಗೆರೆ ಜಿಲ್ಲೆಯಾದದ್ದೇ 1997ರಲ್ಲಿ, ಹರಪನಹಳ್ಳಿ ಅದರಿಂದ ಹೊರಬಿದ್ದದ್ದು 2018ರಲ್ಲಿ. ‘ನಮ್ಮೂರಿನ ಶಾಸನ ಎಲ್ಲೂ ಇಲ್ಲ’ ಎನ್ನುವವರಲ್ಲಿ ಬಹಳ ಜನ ಬೇರೆ ಜಿಲ್ಲೆಯ ಪುಸ್ತಕ ತೆರೆದು ಕೂತಿರುತ್ತಾರೆ.

ಅಚ್ಚಾಗದ ಕಲ್ಲಾದರೆ ನೀರು ಮತ್ತು ಮೆತ್ತನೆ ಬ್ರಷ್ಷಿನಿಂದಷ್ಟೇ ತೊಳೆಯಿರಿ. ಅಕ್ಷರ ಎದ್ದು ಕಾಣಲಿ ಎಂದು ಮೈದಾ, ಸುಣ್ಣ, ಸೀಮೆಸುಣ್ಣ ತಿಕ್ಕಬೇಡಿ. ತಿಕ್ಕುವವರು ತಮಗೆ ಕಂಡ ಅಕ್ಷರವನ್ನೇ ಬಿಳಿ ಮಾಡುತ್ತಾರೆ, ಆಮೇಲೆ ಫೋಟೊ ನೋಡಿದವರಿಗೂ ಅದೇ ತಪ್ಪು ಕಾಣುತ್ತದೆ. ಸಂಜೆ ಕತ್ತಲಾದ ಮೇಲೆ ಹೋಗಿ ಟಾರ್ಚನ್ನು ಕಲ್ಲಿನ ಪಕ್ಕಕ್ಕೆ, ಮೈಗೆ ಒರಗಿದಂತೆ ಹಿಡಿದರೆ ಸವೆದ ಅಕ್ಷರಕ್ಕೂ ನೆರಳು ಬೀಳುತ್ತದೆ. ಎಡದಿಂದ, ಬಲದಿಂದ, ಮೇಲಿನಿಂದ, ಹೀಗೆ ಮೂರು ಸಲ ತೆಗೆಯಿರಿ; ಚಿತ್ರದಲ್ಲಿ ಅಳತೆಪಟ್ಟಿ ಇರಲಿ. ಅರ್ಧ ಹೂತ ಕಲ್ಲನ್ನು ನೀವೇ ಅಗೆಯಬೇಡಿ, ಪುರಾತತ್ತ್ವ ಇಲಾಖೆಗೆ ತಿಳಿಸಿ. ದೇವಸ್ಥಾನದ ಕಮಿಟಿಯವರಿಗೂ ಒಂದು ಮಾತು ಹೇಳಿಟ್ಟಿರಿ, ಜೀರ್ಣೋದ್ಧಾರದ ಉತ್ಸಾಹದಲ್ಲಿ ಎನಾಮಲ್ ಬಳಿದ ಶಾಸನವನ್ನು ಮತ್ತೆ ಓದುವುದು ಕಷ್ಟ.

ಅಕ್ಷರವಿಲ್ಲದ ವೀರಗಲ್ಲನ್ನೂ ಓದಬಹುದು. ಕೆಳಗಿನ ಅಂಕಣದಲ್ಲಿ ಕಾಳಗ, ಅಲ್ಲಿ ದನಗಳಿದ್ದರೆ ತುರುಗೋಳು, ಅಂದರೆ ದನ ಬಿಡಿಸಲು ಹೋಗಿ ಸತ್ತವನು. ನಡುವೆ ಅಪ್ಸರೆಯರು ಒಯ್ಯುತ್ತಾರೆ, ಮೇಲೆ ಲಿಂಗದ ಮುಂದೆ ವೀರ, ಸೂರ್ಯ ಚಂದ್ರ. ಬಳೆ ತೊಟ್ಟ ತೋಳು ಎತ್ತಿ ನಿಂತಿದ್ದರೆ ಅದು ಮಾಸ್ತಿಕಲ್ಲು, ಅಂದರೆ ಗಂಡನ ಚಿತೆಯೇರಿದವಳ ನೆನಪಿನ ಕಲ್ಲು. ‘ನೊಳಂಬವಾಡಿ 32000’ ಎಂದು ಶಾಸನದಲ್ಲಿ ಕಂಡರೆ ಅದು ಆ ನಾಡಿನ ಹೆಸರಿಗಂಟಿದ ಸಂಖ್ಯೆ, ಅಷ್ಟು ಹಳ್ಳಿಗಳಿದ್ದವು ಎಂದು ಬರೆದುಬಿಡಬೇಡಿ.

ತಾರೀಖು ಕೂಡಿಸುವ ಬಗೆ ಹೀಗೆ. ಶಕವರ್ಷಕ್ಕೆ 78 ಕೂಡಿದರೆ ಕ್ರಿಸ್ತಶಕ. ವರ್ಷ ಯುಗಾದಿಗೆ ಬದಲಾಗುವುದರಿಂದ ಜನವರಿ ಬಂದ ಮೇಲಿನ ಪುಷ್ಯ, ಮಾಘ, ಫಾಲ್ಗುಣದ ತಿಥಿಗಳಿಗೆ 79 ಕೂಡಬೇಕು. ಸಂವತ್ಸರ ತಾಳೆಯಾಗುತ್ತದೆಯೇ ನೋಡಲು ಶಕವರ್ಷಕ್ಕೆ 12 ಕೂಡಿ 60ರಿಂದ ಭಾಗಿಸಿ. ಉಳಿದದ್ದು ಪ್ರಭವದಿಂದ ಎಣಿಸಿದ ಸಂವತ್ಸರ, ಏನೂ ಉಳಿಯದಿದ್ದರೆ 60ನೆಯದಾದ ಕ್ಷಯ. ಶಕ 1798 ತೆಗೆದುಕೊಳ್ಳಿ: 78 ಕೂಡಿದರೆ 1876, 12 ಕೂಡಿ 60ರಿಂದ ಭಾಗಿಸಿದರೆ ಉಳಿಯುವುದು 10, ಹತ್ತನೆಯದು ಧಾತು. ಅಜ್ಜಿಯರು ಹೇಳುವ ‘ಧಾತು ಈಶ್ವರದ ಬರ’ ಇದೇ, 1876–78ರ ಮಹಾ ಬರ. ಶಾಸನದಲ್ಲಿ ಒಂದು ವರ್ಷ ಹೆಚ್ಚುಕಡಿಮೆ ಬಂದರೆ ಗಾಬರಿ ಬೇಡ. ಕಳೆದ ವರ್ಷ ಹೇಳುವುದು, ನಡೆಯುವ ವರ್ಷ ಹೇಳುವುದು ಎರಡೂ ರೂಢಿಯಲ್ಲಿದ್ದವು.

ಹೆಳವರು, ಮನೆದೇವರು

ಮನೆತನಗಳ ಕತೆಗೆ ಹೆಳವರನ್ನು ಬಿಟ್ಟರೆ ಇಲ್ಲ. ಸುಗ್ಗಿಯ ನಂತರ ಎತ್ತಿನೊಂದಿಗೆ ಬಂದು ವಂಶಾವಳಿ ಹೇಳುವ ಇವರಿಗೆ ಮನೆಮನೆಯೂ ಹಂಚಿಕೆಯಾಗಿದೆ. ಒಬ್ಬರ ಪುಸ್ತಕದಲ್ಲಿ ಊರೆಲ್ಲ ಸಿಗುವುದಿಲ್ಲ. ಬಂದಾಗ ಅವರ ಪಾಲಿನ ಕಾಳು, ದುಡ್ಡು ಸಲ್ಲಿಸಿ, ಒಪ್ಪಿಗೆ ಕೇಳಿ, ಪೂರ್ತಿ ಧ್ವನಿಮುದ್ರಣ ಮಾಡಿ. ಮೂಲ ಊರು, ಅಲ್ಲಿಂದ ಎದ್ದು ಬಂದ ಕಾರಣ, ಬೆಡಗು (ಕುಲದೊಳಗಿನ ವಂಶದ ಗುಂಪು), ಅಣ್ಣತಮ್ಮಂದಿರು ಬೇರೆಯಾದದ್ದು, ಇಷ್ಟರಲ್ಲಿ ಅವರ ಮಾತು ಗಟ್ಟಿ. ಸೊರಗುವುದು ಎರಡು ಕಡೆ: ಹೆಣ್ಣುಮಕ್ಕಳ ಹೆಸರು ಅಪರೂಪ, ಹೊಗಳಿಕೆ ಧಾರಾಳ. ಕೊನೆಯ ನಾಲ್ಕು ತಲೆಮಾರನ್ನು ಪಹಣಿ ಮತ್ತು ಹಕ್ಕು ಬದಲಾವಣೆ ದಾಖಲೆಗೆ ಹೋಲಿಸಿ ನೋಡಿ. ಅಲ್ಲಿ ಹೊಂದಿದರೆ ಹಿಂದಿನದನ್ನೂ ಸ್ವಲ್ಪ ನಂಬಬಹುದು.

ಹೆಳವರು ಬಾರದ ಮನೆಗಳಲ್ಲಿ ಕೇಳಬೇಕಾದ ಪ್ರಶ್ನೆ ಒಂದೇ: ‘ನಿಮ್ಮ ಮನೆದೇವರು ಎಲ್ಲಿ?’ ನೂರಾರು ವರ್ಷ ಹಿಂದೆ ಊರು ಬಿಟ್ಟವರೂ ಮನೆದೇವರನ್ನು ಬಿಡುವುದಿಲ್ಲ. ಆದರೆ ಉಚ್ಚಂಗಿ, ಮೈಲಾರ, ಕೊಟ್ಟೂರು, ನಾಯಕನಹಟ್ಟಿಯಂಥ ದೊಡ್ಡ ಕ್ಷೇತ್ರಗಳಿಗೆ ಎಲ್ಲ ಕಡೆಯವರೂ ನಡೆದುಕೊಳ್ಳುವುದರಿಂದ ಅದರಿಂದ ದಿಕ್ಕು ತಿಳಿಯದು. ಹೆಸರೇ ಕೇಳಿರದ ಸಣ್ಣ ಹಳ್ಳಿಯ ಕರಿಯಮ್ಮನೋ ಭೂತಪ್ಪನೋ ಆದರೆ ಅದು ಒಳ್ಳೆಯ ಸುಳಿವು.

ಚಳ್ಳಕೆರೆ, ಹಿರಿಯೂರು, ಮೊಳಕಾಲ್ಮೂರು ಕಡೆಯ ಕಾಡುಗೊಲ್ಲರ ಹಟ್ಟಿ, ಮ್ಯಾಸಬೇಡರ ಹಟ್ಟಿಗಳಲ್ಲಿ ಚರಿತ್ರೆ ಕಾಗದದಲ್ಲಿಲ್ಲ. ಹಾಡಿನಲ್ಲಿ, ದೇವರ ಎತ್ತಿನಲ್ಲಿ ಇದೆ. ಕಾಡುಗೊಲ್ಲರ ವೀರ ಜುಂಜಪ್ಪನ ಪದದಲ್ಲೋ ಮ್ಯಾಸಬೇಡರ ವೀರ ಗಾದರಿಪಾಲನಾಯಕನ ಕತೆಯಲ್ಲೋ ವರ್ಷ ಹುಡುಕಲು ಹೋಗಬೇಡಿ, ಜಾಗ ಹುಡುಕಿ. ಯಾವ ಕಾವಲು (ದನ ಮೇಯುವ ಹುಲ್ಲುಗಾವಲು), ಯಾವ ಹಳ್ಳ, ಯಾವ ಕಣಿವೆ ಎಂದು ನಕಾಶೆಯಲ್ಲಿ ಚುಕ್ಕಿ ಇಡುತ್ತಾ ಹೋದರೆ ದನಗಳ ಹಳೇ ಮೇವಿನ ದಾರಿ ತಾನೇ ಮೂಡುತ್ತದೆ. ಆ ಕಾವಲುಗಳು ಸರ್ಕಾರಿ ದನಗಳ ಅಮೃತಮಹಲಿಗೆ, ಅರಣ್ಯಕ್ಕೆ, ಬಗರ್‌ಹುಕುಂಗೆ, ಈಚೆಗೆ ಕುದಾಪುರದಂತೆ ವಿಜ್ಞಾನ ಸಂಸ್ಥೆಗಳಿಗೆ ಹೋದದ್ದೂ ಊರಿನ ಚರಿತ್ರೆಯೇ.

ಮಾತಾಡಿಸುವುದು

ಗೌಡರ ಕಟ್ಟೆಯ ಮೇಲೆ ಕೂತು ಬರೆದರೆ ಗೌಡರ ಮನೆಯ ಚರಿತ್ರೆಯಾಗುತ್ತದೆ. ಪ್ರತಿ ಕೇರಿಯಲ್ಲೂ ಕನಿಷ್ಠ ಇಬ್ಬರು ಗಂಡಸರು, ಇಬ್ಬರು ಹೆಂಗಸರನ್ನು ಅವರವರ ಅಂಗಳದಲ್ಲೇ ಮಾತಾಡಿಸಿ. ಫೋನು ಏರೋಪ್ಲೇನ್ ಮೋಡಿನಲ್ಲಿರಲಿ, ಫ್ಯಾನು ಆರಿಸಿ, ಶುರುವಿನಲ್ಲೇ ದಿನ, ಊರು, ಹೆಸರು ಹೇಳಿಸಿ. ಮುಕ್ಕಾಲು ಗಂಟೆ ಸಾಕು, ಎರಡನೇ ಸಲ ಹೋದಾಗಲೇ ನಿಜವಾದ ಮಾತು ಬರುವುದು. ಹೆಂಗಸರ ಹತ್ತಿರ ಗಂಡ ಮಗ್ಗುಲಲ್ಲಿ ಕೂತಿದ್ದರೆ ಉತ್ತರ ಅವನದೇ ಆಗಿರುತ್ತದೆ.

‘ಯಾವ ಇಸವಿ?’ ಎಂದು ಕೇಳಿದರೆ ಬಾಯಿಗೆ ಬಂದ ಇಸವಿ ಹೇಳುತ್ತಾರೆ. ಗುರುತಿನ ಘಟನೆಗೆ ಕಟ್ಟಿ ಕೇಳಿ: ಭದ್ರಾ ನಾಲೆ ನೀರು ಬರುವ ಮುಂಚೆಯೋ ಆಮೇಲೋ, ಕರೆಂಟು ಬಂದಾಗ ಮಗ ಹುಟ್ಟಿದ್ದನೋ, ಇಂದಿರಾ ಗಾಂಧಿ ಸತ್ತಾಗ (1984) ಮದುವೆಯಾಗಿತ್ತೋ. ಹಿರಿಯೂರು ಕಡೆಯವರಿಗೆ ಮಾರಿಕಣಿವೆ (ವಾಣಿವಿಲಾಸ ಸಾಗರ) ಅಣೆಕಟ್ಟಿನ ಕೋಡಿ ಒಳ್ಳೆಯ ಗೂಟ: 1933ರಲ್ಲಿ ಬಿದ್ದದ್ದು, ಮತ್ತೆ ಬಿದ್ದದ್ದು 2022ರಲ್ಲಿ. ‘ಅಜ್ಜ ಕೋಡಿ ನೋಡಿದ್ದ’ ಅಂದರೆ ಅಜ್ಜನ ಕಾಲ ಸಿಕ್ಕಿತು.

ಅಳತೆಗಳನ್ನು ಅವರ ಮಾತಿನಲ್ಲೇ ಇಡಿ. 20 ಕೊಳಗಕ್ಕೆ ಒಂದು ಖಂಡುಗ, 40 ಗುಂಟೆಗೆ ಒಂದು ಎಕರೆ, ಇವು ಸರಿ. ಆದರೆ ಕೊಳಗದ ಗಾತ್ರ, ‘ಒಂದು ಕೂರಿಗೆ ಹೊಲ’ದ ಅಳತೆ ಊರೂರಿಗೆ ಬೇರೆ. ಹಳೇ ಕೊಳಗ ಯಾರದಾದರೂ ಮನೆಯಲ್ಲಿದ್ದರೆ ಜೋಳ ತುಂಬಿ ತಕ್ಕಡಿಗೆ ಹಾಕಿ ನೋಡಿ.

ಬರೆಯುವಾಗ

ಪ್ರತಿ ಸಂಗತಿಯ ಪಕ್ಕ ಅದು ಎಲ್ಲಿಂದ ಬಂತೆಂದು ಒಂದಕ್ಷರದ ಗುರುತಿರಲಿ: ‘ಕ’ ಕಲ್ಲು, ‘ದ’ ದಾಖಲೆ, ‘ಹೆ’ ಹೆಳವರು, ‘ಬಾ’ ಬಾಯಿಮಾತು. ಕಲ್ಲೂ ಬಾಯಿಮಾತೂ ಜಗಳವಾಡಿದರೆ ಎರಡನ್ನೂ ಬರೆಯಿರಿ, ತೀರ್ಪು ಕೊಡಬೇಡಿ. ಹಳೇ ರಿಜಿಸ್ಟರುಗಳಲ್ಲಿ ಜಾತಿಗಳಿಗೆ ಅವಮಾನದ ಹೆಸರುಗಳಿರುತ್ತವೆ. ಪುಸ್ತಕದಲ್ಲಿ ಆ ಜನ ಇಂದು ತಮ್ಮನ್ನು ಕರೆದುಕೊಳ್ಳುವ ಹೆಸರೇ ಇರಬೇಕು. ಕೋರ್ಟಿನಲ್ಲಿರುವ ಹೊಲ, ಬದುವಿನ ಜಗಳ ನಡೆಯುತ್ತಿರುವ ಸರ್ವೆ ನಂಬರು, ಬದುಕಿರುವವರ ಹಿಸ್ಸೆ ಇವನ್ನು ಅಚ್ಚಿಗೆ ಹಾಕಬೇಡಿ. ನಿಮ್ಮ ಪುಸ್ತಕವನ್ನೇ ಸಾಕ್ಷಿಯಾಗಿ ಹಿಡಿದು ವಕೀಲರ ಹತ್ತಿರ ಹೋಗುವವರಿದ್ದಾರೆ.

ಅಚ್ಚು ಹಾಕಿಸುವ ಮುಂಚೆ ಕರಡಿನ ಮೂರು ಪ್ರತಿಗಳನ್ನು ಒಂದು ತಿಂಗಳು ಊರಲ್ಲಿ ಬಿಡಿ: ಶಾಲೆಯಲ್ಲೊಂದು, ಪಂಚಾಯಿತಿ ಗ್ರಂಥಾಲಯದಲ್ಲೊಂದು, ಕೇರಿಯ ಸಮುದಾಯ ಭವನದಲ್ಲೊಂದು. ಪ್ರತಿ ಪುಟದ ಬಲಗಡೆ ಮೂರು ಬೆರಳು ಖಾಲಿ ಬಿಟ್ಟು, ದಾರಕ್ಕೆ ಒಂದು ಪೆನ್ನು ಕಟ್ಟಿಡಿ. ಓದಲು ಬಾರದವರಿಗಾಗಿ ಒಂದು ಸಂಜೆ ಗುಡಿಯ ಮುಂದೆ ಗಟ್ಟಿಯಾಗಿ ಓದಿಸಿ. ಅವತ್ತು ಕೂಗಾಡಿದವರ ಹೆಸರು ಬರೆದಿಟ್ಟುಕೊಂಡು ಮಾರನೇ ದಿನ ಮೊದಲು ಅವರ ಮನೆಗೇ ಹೋಗಿ.