ಸಬ್ಸಿಡಿ ಸೋಲಾರ್‌ಗೆ ಸ್ವದೇಶಿ ಪ್ಯಾನೆಲ್: ಗುರುತಿಸುವುದು ಹೇಗೆ?

ತಾರಸಿಗೆ ಸೋಲಾರ್ ಹಾಕಿಸಿ ಕೇಂದ್ರದ ಸಹಾಯಧನ ಪಡೆಯಬೇಕಾದರೆ ಪ್ಯಾನೆಲ್ ಭಾರತದಲ್ಲಿ ಜೋಡಣೆಯಾಗಿದ್ದರೆ ಸಾಲದು. ಅದರೊಳಗಿನ, ಬೆಳಕನ್ನು ವಿದ್ಯುತ್ತಾಗಿಸುವ ಸೆಲ್‌ಗಳೂ ಇಲ್ಲಿಯೇ ತಯಾರಾಗಿರಬೇಕು. ಇದೇ ಡಿಸಿಆರ್, ಅಂದರೆ ದೇಶೀಯ ಉತ್ಪನ್ನ ಬಳಕೆಯ ಷರತ್ತು. ಈ ಸಹಾಯಧನ ಕೊಡುವ ಪಿಎಂ ಸೂರ್ಯಘರ್ ಯೋಜನೆಯಲ್ಲಿ ಇದರಿಂದ ಯಾರಿಗೂ ವಿನಾಯಿತಿ ಇಲ್ಲ. ‘ಮೇಡ್ ಇನ್ ಇಂಡಿಯಾ’ ಚೀಟಿ ನೋಡಿ ಒಪ್ಪಿಕೊಂಡು, ಆಮೇಲೆ ಪರಿಶೀಲನೆಯಲ್ಲಿ ಸೆಲ್ ಹೊರದೇಶದ್ದು ಎಂದು ಗೊತ್ತಾದರೆ ಸಹಾಯಧನ ಕೈತಪ್ಪುತ್ತದೆ. ಪ್ಯಾನೆಲ್ ಕಂಬಿಗೆ ಬಿಗಿಯುವ ಮೊದಲೇ ನೋಡಿಕೊಳ್ಳಬೇಕಾದ ಸಂಗತಿಗಳನ್ನು ಇಲ್ಲಿ ಕ್ರಮವಾಗಿ ಕೊಡಲಾಗಿದೆ.

ಮೊದಲು, ಹೆಸರುಗಳ ಗೊಂದಲ ಬಿಡಿಸಿಕೊಳ್ಳಿ

ದೇಶದೊಳಗೆ ಸೌರ ಉಪಕರಣ ತಯಾರಿಕೆ ಹೆಚ್ಚಿಸಲು ಕೇಂದ್ರ ಸರ್ಕಾರ ನಾಲ್ಕು ಬಗೆಯ ಕ್ರಮ ಕೈಗೊಂಡಿದೆ. ಆಮದು ಸುಂಕ ಒಂದು: 2022ರ ಏಪ್ರಿಲ್ 1ರಿಂದ ಮಾಡ್ಯೂಲ್‌ಗೆ (ಅಂದರೆ ಪ್ಯಾನೆಲ್‌ಗೆ) ಶೇ 40, ಸೆಲ್‌ಗೆ ಶೇ 25ರ ಮೂಲ ಸುಂಕ ಬಂತು, ನಂತರದ ಬಜೆಟ್‌ನಲ್ಲಿ ಅದರ ಸ್ವರೂಪ ಬದಲಾಯಿತು. ಎರಡನೆಯದು ಕಾರ್ಖಾನೆಗಳಿಗೆ ಕೊಡುವ ಉತ್ಪಾದನೆ ಆಧಾರಿತ ಪ್ರೋತ್ಸಾಹಧನ, ಅಂದರೆ ಪಿಎಲ್‌ಐ. ಮೊದಲ ಕಂತಿಗೆ 4,500 ಕೋಟಿ, ಎರಡನೆಯದಕ್ಕೆ 19,500 ಕೋಟಿ ರೂಪಾಯಿ ಇದಕ್ಕಾಗಿ ಮೀಸಲಾಯಿತು. ಇವೆರಡೂ ಕಂಪನಿಗಳ ವ್ಯವಹಾರ. ಮನೆಯವರು ತಲೆ ಕೆಡಿಸಿಕೊಳ್ಳಬೇಕಿಲ್ಲ.

ಉಳಿದ ಎರಡು ನಿಮ್ಮ ತಾರಸಿಗೆ ಸಂಬಂಧಿಸಿದವು. ಎಎಲ್‌ಎಂಎಂ ಎಂಬುದು ನವೀಕರಿಸಬಹುದಾದ ಇಂಧನ ಸಚಿವಾಲಯದ ಅನುಮೋದಿತ ಮಾದರಿಗಳು ಮತ್ತು ತಯಾರಕರ ಪಟ್ಟಿ. ಇದರ ಮೂಲ ಆದೇಶ 2019ರ ಜನವರಿಯದು. ಒಂದು ವರ್ಷ ತಡೆಹಿಡಿದಿದ್ದು, 2024ರ ಏಪ್ರಿಲ್ 1ರಿಂದ ಮತ್ತೆ ಜಾರಿಗೆ ಬಂತು. ಇದರ ಮೊದಲ ಪಟ್ಟಿ ಮಾಡ್ಯೂಲ್‌ಗಳಿಗೆ ಸಂಬಂಧಿಸಿದ್ದು. ಎರಡನೇ ಪಟ್ಟಿ ಸೆಲ್‌ಗಳದ್ದು. ಅದು ಕಡ್ಡಾಯವಾಗಲು ಆದೇಶದಲ್ಲಿ ಇಟ್ಟ ದಿನ 2026ರ ಜೂನ್ 1. ಡಿಸಿಆರ್ ಬೇರೆಯೇ ಷರತ್ತು: ಸೆಲ್, ಮಾಡ್ಯೂಲ್ ಎರಡೂ ಭಾರತದಲ್ಲಿಯೇ ತಯಾರಾಗಿರಬೇಕು.

ಇಲ್ಲಿಯೇ ಹೆಚ್ಚಿನವರು ಎಡವುವುದು. ಹೊರದೇಶದ ಸೆಲ್ ತಂದು ಇಲ್ಲಿ ಜೋಡಿಸಿದ ಮಾಡ್ಯೂಲ್ ಎಎಲ್‌ಎಂಎಂ ಮೊದಲ ಪಟ್ಟಿಯಲ್ಲಿ ಇರಬಹುದು, ಭಾರತದಲ್ಲಿ ತಯಾರಾದದ್ದೆಂದು ಹೇಳಿಕೊಳ್ಳಲೂಬಹುದು. ಆದರೂ ಅದು ಡಿಸಿಆರ್ ಅಲ್ಲ. ‘ಸರ್, ಇದು ಎಎಲ್‌ಎಂಎಂ ಅಪ್ರೂವ್ಡ್’ ಎಂದು ಮಾರಾಟಗಾರ ಹೇಳಿದರೆ ಅದು ಸುಳ್ಳಲ್ಲ, ಆದರೆ ನಿಮ್ಮ ಪ್ರಶ್ನೆಗೆ ಉತ್ತರವೂ ಅಲ್ಲ.

ಸಹಾಯಧನಕ್ಕೇ ಈ ಷರತ್ತು ಏಕೆ ಅಂಟಿಕೊಂಡಿದೆ ಎಂಬುದಕ್ಕೂ ಕಾರಣವಿದೆ. ರಾಷ್ಟ್ರೀಯ ಸೌರ ಮಿಷನ್‌ನಲ್ಲಿ ವಿದ್ಯುತ್ ಉತ್ಪಾದಕರಿಗೆ ಇಂಥದ್ದೇ ಷರತ್ತು ಹಾಕಿದ್ದಕ್ಕೆ ಅಮೆರಿಕ 2013ರಲ್ಲಿ ವಿಶ್ವ ವ್ಯಾಪಾರ ಸಂಸ್ಥೆಯ ಮೆಟ್ಟಿಲೇರಿತು. 2016ರ ಸೆಪ್ಟೆಂಬರ್‌ನಲ್ಲಿ ಮೇಲ್ಮನವಿಯ ತೀರ್ಪೂ ಭಾರತದ ವಿರುದ್ಧ ಬಂತು. ಸರ್ಕಾರ ಕೊಳ್ಳುತ್ತಿದ್ದುದು ವಿದ್ಯುತ್ತನ್ನು, ಸೆಲ್‌ಗಳನ್ನಲ್ಲ; ಹಾಗಾಗಿ ಸರ್ಕಾರಿ ಖರೀದಿಗೆ ಇರುವ ವಿನಾಯಿತಿ ಇದಕ್ಕೆ ಸಲ್ಲದು ಎಂಬುದು ಅದರ ಸಾರ. ಆಮೇಲೆ ಡಿಸಿಆರ್ ಮುಖ್ಯವಾಗಿ ಉಳಿದುಕೊಂಡಿದ್ದು ಸರ್ಕಾರ ತಾನೇ ಹಣ ಹಾಕುವ ಯೋಜನೆಗಳಲ್ಲಿ: ರೈತರ ಪಂಪ್‌ಸೆಟ್‌ಗಳ ಪಿಎಂ ಕುಸುಮ್, ಸರ್ಕಾರಿ ಉದ್ಯಮಗಳ ಸೌರ ಸ್ಥಾವರ, ಮನೆಗಳ ತಾರಸಿ ಸೋಲಾರ್.

‘ಭಾರತದ ಸೆಲ್’ ಎಂದರೆ ಎಷ್ಟು ಭಾರತದ್ದು?

ಸೆಲ್ ತಯಾರಾಗುವುದು ಸಿಲಿಕಾನ್‌ನ ತೆಳುವಾದ ಬಿಲ್ಲೆಯಿಂದ. ಅದಕ್ಕೆ ವೇಫರ್ ಎನ್ನುತ್ತಾರೆ. ಪರ್ಕ್ ಎಂಬ ಸೆಲ್ ಮಾದರಿಯಲ್ಲಾದರೆ, ವೇಫರನ್ನು ರಾಸಾಯನಿಕದಲ್ಲಿ ತೊಳೆದು ಮೇಲ್ಮೈಯನ್ನು ಒರಟು ಮಾಡುತ್ತಾರೆ. ಕುಲುಮೆಯಲ್ಲಿ 800 ಡಿಗ್ರಿ ಸೆಲ್ಸಿಯಸ್‌ಗೂ ಹೆಚ್ಚಿನ ಶಾಖದಲ್ಲಿ ರಂಜಕವನ್ನು ಅದರ ಮೇಲ್ಪದರಕ್ಕೆ ಇಳಿಸುತ್ತಾರೆ. ಬೆಳಕು ಬಿದ್ದಾಗ ವಿದ್ಯುತ್ ಹುಟ್ಟುವ ಸಂಧಿ ರೂಪುಗೊಳ್ಳುವುದು ಈ ಹಂತದಲ್ಲಿ. ಆಮೇಲೆ ಸಿಲಿಕಾನ್ ನೈಟ್ರೈಡ್‌ನ ತೆಳು ಲೇಪ. ಸೆಲ್‌ಗೆ ನೀಲಿ ಬಣ್ಣ ಬರುವುದು ಇದರಿಂದಲೇ. ಕೊನೆಗೆ ಬೆಳ್ಳಿಯ ಗೆರೆಗಳನ್ನು ಅಚ್ಚೊತ್ತಿ ಸುಡುತ್ತಾರೆ.

ರಂಜಕ ಇಳಿಸುವ ಮುಖ್ಯ ಕೆಲಸವೆಲ್ಲ ಹೊರದೇಶದಲ್ಲೇ ಮುಗಿದ ಬಿಲ್ಲೆಗಳಿಗೆ ಈ ಉದ್ಯಮದಲ್ಲಿ ‘ಬ್ಲೂ ವೇಫರ್’ ಎಂದು ಹೆಸರು. ಅದನ್ನು ತಂದು ಇಲ್ಲಿ ಗೆರೆ ಅಚ್ಚೊತ್ತಿದರೆ ಅದು ಸ್ವದೇಶಿ ಸೆಲ್ ಆಗುವುದಿಲ್ಲ ಎಂದು ಸಚಿವಾಲಯ ಸ್ಪಷ್ಟಪಡಿಸಿದೆ. ಏನೂ ಇಳಿಸದ ಕಪ್ಪು ವೇಫರನ್ನು ಆಮದು ಮಾಡಿಕೊಳ್ಳಬಹುದು. ಅಲ್ಲಿಂದ ಮುಂದಿನ ಪ್ರತಿ ಹಂತವೂ ಭಾರತದಲ್ಲಿ ನಡೆಯಬೇಕು. ಗಾಜು, ಅಲ್ಯೂಮಿನಿಯಂ ಚೌಕಟ್ಟು, ಹಿಂಬದಿಯ ಹಾಳೆ, ಇನ್ವರ್ಟರ್ ಇವಕ್ಕೆ ಡಿಸಿಆರ್ ಅನ್ವಯಿಸುವುದಿಲ್ಲ. ಈ ಗೆರೆ ಎಳೆದದ್ದು ಸರಿಯಾದ ನಿರ್ಧಾರ. ಜೋಡಣೆಯ ಘಟಕ ಬೇಗ ಕಟ್ಟಬಹುದು. ಸೆಲ್ ಕಾರ್ಖಾನೆಗೆ ಶುದ್ಧ ನೀರು, ಅಪಾಯಕಾರಿ ಅನಿಲಗಳ ನಿರ್ವಹಣೆ, ನುರಿತ ಕೈಗಳು ಎಲ್ಲವೂ ಬೇಕು. ನಿಜವಾದ ತಯಾರಿಕೆ ಅಲ್ಲಿದೆ, ಬೆಲೆಯ ವ್ಯತ್ಯಾಸವೂ ಅಲ್ಲಿಂದಲೇ ಬರುತ್ತದೆ. ಡಿಸಿಆರ್ ಪ್ಯಾನೆಲ್‌ಗೆ ದರ ಹೆಚ್ಚು. ‘ಅದೇ ರೇಟಿಗೆ ಡಿಸಿಆರ್ ಕೊಡ್ತೀವಿ’ ಎಂದರೆ ಸಂಶಯಪಡಲು ಅಷ್ಟೇ ಸಾಕು.

ಹಂತ 1: ಎಷ್ಟು ಕಿಲೋವಾಟ್?

ಸಹಾಯಧನ ಮೊದಲ 2 ಕಿಲೋವಾಟ್‌ವರೆಗೆ ಕಿಲೋವಾಟಿಗೆ 30,000 ರೂಪಾಯಿ, ಮೂರನೆಯದಕ್ಕೆ 18,000. ಒಟ್ಟು ಮಿತಿ 78,000 ರೂಪಾಯಿ. 5 ಕಿಲೋವಾಟ್ ಹಾಕಿಸಿದರೂ ಅಷ್ಟೇ. 1 ಕಿಲೋವಾಟಿಗೆ ನೆರಳು ಬೀಳದ ಸುಮಾರು 100 ಚದರಡಿ ಜಾಗ ಬೇಕು. ದಿನಕ್ಕೆ ಸರಾಸರಿ 4 ಯೂನಿಟ್ ಎಂದು ಲೆಕ್ಕ ಹಿಡಿಯಬಹುದು.

ಒಂದು ಸೂಕ್ಷ್ಮ ಗಮನಿಸಿ. ಸಹಾಯಧನಕ್ಕೆ ಪ್ಯಾನೆಲ್‌ಗಳ ಒಟ್ಟು ವ್ಯಾಟ್ ಮತ್ತು ಇನ್ವರ್ಟರ್ ಸಾಮರ್ಥ್ಯ ಇವೆರಡರಲ್ಲಿ ಯಾವುದು ಕಡಿಮೆಯೋ ಅದೇ ಲೆಕ್ಕ. 3 ಕಿಲೋವಾಟ್ ಇನ್ವರ್ಟರ್‌ಗೆ 540 ವ್ಯಾಟಿನ ಐದು ಪ್ಯಾನೆಲ್ ಹಾಕಿದರೆ ಆಗುವುದು 2,700 ವ್ಯಾಟ್, 3 ಕಿಲೋವಾಟ್ ಅಲ್ಲ. ಆರು ಹಾಕಿದರೆ 3,240. ಆಗ ಇನ್ವರ್ಟರಿನ 3 ಕಿಲೋವಾಟ್ ಲೆಕ್ಕಕ್ಕೆ ಬರುತ್ತದೆ. ‘ತ್ರೀ ಕೆವಿ ಸಿಸ್ಟಮ್’ ಎಂದು ಬಾಯಲ್ಲಿ ಹೇಳಿದ್ದನ್ನು ಬಿಟ್ಟು ಪ್ಯಾನೆಲ್‌ಗಳನ್ನು ಎಣಿಸಿ.

ಹಂತ 2: ಅರ್ಜಿ

ಪಿಎಂ ಸೂರ್ಯಘರ್ ರಾಷ್ಟ್ರೀಯ ಪೋರ್ಟಲ್‌ನಲ್ಲಿ ರಾಜ್ಯ, ಎಸ್ಕಾಂ (ಬೆಸ್ಕಾಂ, ಮೆಸ್ಕಾಂ, ಹೆಸ್ಕಾಂ, ಜೆಸ್ಕಾಂ, ಸೆಸ್ಕ್), ಬಿಲ್‌ನಲ್ಲಿರುವ ಗ್ರಾಹಕ ಸಂಖ್ಯೆ ಕೊಟ್ಟು ನೋಂದಾಯಿಸಿ. 10 ಕಿಲೋವಾಟ್‌ವರೆಗೆ ತಾಂತ್ರಿಕ ಕಾರ್ಯಸಾಧ್ಯತೆಯ ಅಧ್ಯಯನವಿಲ್ಲದೆಯೇ ಅರ್ಜಿ ಒಪ್ಪಿಗೆಯಾದಂತೆ ಎಂದು 2024ರಲ್ಲಿ ತಿದ್ದುಪಡಿಯಾದ ಗ್ರಾಹಕ ಹಕ್ಕುಗಳ ನಿಯಮ ಹೇಳುತ್ತದೆ.

ಇಲ್ಲಿ ಅರ್ಜಿ ಸಿಕ್ಕಿಕೊಳ್ಳುವುದು ಬಹುಪಾಲು ಹೆಸರಿನಿಂದ. ಕರೆಂಟ್ ಬಿಲ್ ಇನ್ನೂ ತೀರಿಹೋದ ತಂದೆಯ ಹೆಸರಿನಲ್ಲಿರುತ್ತದೆ, ಬ್ಯಾಂಕ್ ಖಾತೆ ಮಗನದ್ದು. ಮೊದಲು ಎಸ್ಕಾಂ ಉಪವಿಭಾಗದಲ್ಲಿ ಹೆಸರು ಬದಲಾಯಿಸಿಕೊಂಡು, ಆಮೇಲೆ ಪೋರ್ಟಲ್‌ಗೆ ಹೋಗಿ. ಈ ಕ್ರಮ ತಪ್ಪಿದರೆ ಪ್ಯಾನೆಲ್ ತಾರಸಿಯ ಮೇಲಿದ್ದರೂ ಹಣ ಬರುವುದಿಲ್ಲ.

ಹಂತ 3: ಕೊಟೇಶನ್‌ನಲ್ಲಿ ಬರೆಸಿಕೊಳ್ಳಿ

ಪೋರ್ಟಲ್‌ನಲ್ಲಿ ನೋಂದಾಯಿತರಾದ ವೆಂಡರ್‌ಗಳನ್ನು ಮಾತ್ರ ಆರಿಸಿ. ಮುಂಗಡ ಕೊಡುವ ಮೊದಲು ಇಷ್ಟು ಕಾಗದದ ಮೇಲೆ ಬರಲಿ: ಪ್ಯಾನೆಲ್ ತಯಾರಕರ ಹೆಸರು, ಪೂರ್ತಿ ಮಾದರಿ ಸಂಖ್ಯೆ, ವ್ಯಾಟ್, ಎಷ್ಟು ಪ್ಯಾನೆಲ್, ಸೆಲ್ ತಯಾರಕರ ಹೆಸರು, ಇನ್ವರ್ಟರ್ ಮಾದರಿ, ಡಿಸಿಆರ್ ಪ್ರಮಾಣಪತ್ರವನ್ನು ಪ್ಯಾನೆಲ್ ಜೊತೆಗೇ ಕೊಡಲಾಗುವುದು ಎಂಬ ಒಂದು ಸಾಲು. ‘ಅಥವಾ ಸಮಾನ ದರ್ಜೆಯ ಬ್ರ್ಯಾಂಡ್’ ಎಂಬ ಮಾತಿದ್ದರೆ ಹೊಡೆದುಹಾಕಿಸಿ. ದಾಸ್ತಾನು ಮುಗಿದಾಗ ಡಿಸಿಆರ್ ಅಲ್ಲದ ಪ್ಯಾನೆಲ್ ಒಳಗೆ ನುಸುಳುವುದು ಈ ಸಾಲಿನ ಮೂಲಕವೇ.

ತಯಾರಕರ ಹೆಸರು ಒಂದೇ ಸಾಕೆಂದುಕೊಳ್ಳಬೇಡಿ. ಒಂದೇ ಕಂಪನಿ ಎರಡೂ ಬಗೆಯ ಪ್ಯಾನೆಲ್ ಮಾಡುತ್ತದೆ. ಮಾದರಿ ಸಂಖ್ಯೆಯನ್ನು ಸಚಿವಾಲಯದ ಜಾಲತಾಣದಲ್ಲಿರುವ ಎಎಲ್‌ಎಂಎಂ ಪಟ್ಟಿಗೆ ಹೋಲಿಸಿ, ಮಾನ್ಯತೆಯ ಕೊನೆಯ ದಿನವನ್ನೂ ನೋಡಿ.

ತೆರಿಗೆ ಸಾಲನ್ನೂ ಒಮ್ಮೆ ಪರಿಶೀಲಿಸಿ. 2025ರ ಸೆಪ್ಟೆಂಬರ್ 22ರಿಂದ ಸೌರ ಉಪಕರಣಗಳ ಜಿಎಸ್‌ಟಿ ಶೇ 12ರಿಂದ 5ಕ್ಕೆ ಇಳಿದಿದೆ. ಉಪಕರಣ, ಅಳವಡಿಕೆ ಸೇರಿದ ಒಪ್ಪಂದದಲ್ಲಿ ಮೊತ್ತದ ಶೇ 70ಕ್ಕೆ ಉಪಕರಣದ ದರ, ಶೇ 30ಕ್ಕೆ ಸೇವೆಯ ಶೇ 18. ಒಟ್ಟಾರೆ ಶೇ 8.9 ಆಗುತ್ತದೆ. ಹಳೆಯ ಶೇ 13.8 ಹಾಕಿದ್ದರೆ ತಿದ್ದಿಸಿ.

ಹಂತ 4: ಪ್ಯಾನೆಲ್ ಬಂದ ದಿನ

ಇಡೀ ಕೆಲಸದಲ್ಲಿ ಅತಿ ಮುಖ್ಯವಾದ ಅರ್ಧ ಗಂಟೆ ಇದು. ಕಂಬಿಗೆ ಬಿಗಿದ ಮೇಲೆ, ಅದರಲ್ಲೂ ತಗಡಿನ ಮಾಡಿಗೆ ಒತ್ತಿಕೊಂಡಂತೆ ಕೂರಿಸಿದ ಮೇಲೆ, ಹಿಂಬದಿ ಮತ್ತೆ ಕಣ್ಣಿಗೆ ಬೀಳದು. ಗೋಡೆಗೆ ಒರಗಿಸಿಟ್ಟಾಗಲೇ ಒಂದೊಂದನ್ನೂ ನೋಡಿ.

ಸರಣಿ ಸಂಖ್ಯೆ ಸಾಮಾನ್ಯವಾಗಿ ಎರಡು ಕಡೆ ಕಣ್ಣಿಗೆ ಕಾಣುತ್ತದೆ. ಒಂದು, ಗಾಜಿನ ಒಳಗೆ, ಸೆಲ್‌ಗಳ ಅಂಚಿನಲ್ಲಿ ಲ್ಯಾಮಿನೇಷನ್ ಜೊತೆಗೇ ಸೇರಿಹೋದ ಸಣ್ಣ ಬಾರ್‌ಕೋಡ್ ಪಟ್ಟಿ. ಇನ್ನೊಂದು, ಹಿಂಬದಿಯ ಚೀಟಿ. ಹಿಂದಿನ ಚೀಟಿಯನ್ನು ಕಿತ್ತು ಬೇರೆ ಅಂಟಿಸಬಹುದು, ಗಾಜಿನೊಳಗಿನದನ್ನು ಬದಲಿಸಲಾಗದು. ಎರಡೂ ಅಂಕಿ ಅಂಕಿಗೂ ಹೊಂದಬೇಕು. ಹಿಂಬದಿಯ ಚೀಟಿಯಲ್ಲಿ ಮಾದರಿ, ವ್ಯಾಟ್, ಬಿಐಎಸ್ (ಭಾರತೀಯ ಮಾನಕ ಸಂಸ್ಥೆ) ಮುದ್ರೆಯ ಜೊತೆಗೆ ‘ಆರ್’ ಅಕ್ಷರದಿಂದ ಶುರುವಾಗುವ ನೋಂದಣಿ ಸಂಖ್ಯೆ ಇರಬೇಕು.

ಇದಲ್ಲದೆ ಪ್ರತಿ ಪ್ಯಾನೆಲ್‌ಗೂ ಆರ್‌ಎಫ್‌ಐಡಿ ಟ್ಯಾಗ್, ಅಂದರೆ ರೇಡಿಯೊ ತರಂಗದಿಂದ ಓದಬಹುದಾದ ಗುರುತಿನ ಪಟ್ಟಿ ಇರಬೇಕು. ಮಾಡ್ಯೂಲ್ ತಯಾರಕರು, ಸೆಲ್ ತಯಾರಕರು, ಎರಡರ ಮೂಲ ದೇಶ, ತಯಾರಾದ ತಿಂಗಳು ಮತ್ತು ವರ್ಷ ಅದರಲ್ಲಿ ದಾಖಲಾಗಿರುತ್ತವೆ. ಇದನ್ನು ಓದಲು ಪ್ರತ್ಯೇಕ ಸಾಧನ ಬೇಕು. ವೆಂಡರ್ ಅಥವಾ ತಯಾರಕರಿಂದ ಓದಿಸಿ ತೋರಿಸಲು ಕೇಳಿ.

ಈಗ ಪ್ರಮಾಣಪತ್ರ ತೆಗೆಯಿರಿ. ಅದರಲ್ಲಿ ನಿಮ್ಮ ಪ್ಯಾನೆಲ್‌ಗಳ ಸರಣಿ ಸಂಖ್ಯೆಗಳು ಒಂದೊಂದಾಗಿ ಇರಬೇಕು. ‘ನಮ್ಮ ಕಂಪನಿ ಡಿಸಿಆರ್ ಮಾಡ್ಯೂಲ್ ತಯಾರಿಸುತ್ತದೆ’ ಎಂಬ ಸಾಮಾನ್ಯ ಪತ್ರಕ್ಕೆ ಬೆಲೆಯಿಲ್ಲ. ರಾಷ್ಟ್ರೀಯ ಸೌರಶಕ್ತಿ ಸಂಸ್ಥೆ ನಡೆಸುವ ಡಿಸಿಆರ್ ಪೋರ್ಟಲ್ ಇರುವುದೇ ಈ ಸಂಖ್ಯೆಗಳ ಪರಿಶೀಲನೆಗೆ. ಆರು ಪ್ಯಾನೆಲ್ ಇದ್ದರೆ ಆರನ್ನೂ ನೋಡಿ. ಐದು ಸರಿಯಿದ್ದು ಒಂದು ಬೇರೆ ಕಡೆಯದಾಗಿದ್ದರೂ ಕಡತ ವಾಪಸ್ ಬರುತ್ತದೆ. ಸಾಗಣೆಯಲ್ಲಿ ಒಂದು ಒಡೆದು, ಸಿಕ್ಕಿದ್ದನ್ನು ಬದಲಿಗೆ ತಂದಾಗ ಹೀಗಾಗುವುದುಂಟು. ಬದಲಿ ಬಂದರೆ ಅದರ ಸಂಖ್ಯೆ ಸೇರಿಸಿದ ಹೊಸ ಪ್ರಮಾಣಪತ್ರ ಬರುವ ತನಕ ಅದನ್ನು ಬಿಗಿಯಲು ಬಿಡಬೇಡಿ.

ಪ್ರತಿ ಪ್ಯಾನೆಲ್‌ನ ಎರಡೂ ಸಂಖ್ಯೆಗಳ ಫೋಟೊ ತೆಗೆದಿಡಿ. ಹಾಗೆಯೇ ಗಾಜಿನ ಮೂಲೆ, ಚೌಕಟ್ಟಿನ ಕೀಲು, ಹಿಂದಿನ ಜಂಕ್ಷನ್ ಬಾಕ್ಸ್ ಮೇಲೂ ಕಣ್ಣಾಡಿಸಿ. ಪ್ಯಾನೆಲ್ ಮೇಲೆ ಕಾಲಿಡಲು ಕೆಲಸದವರಿಗೆ ಬಿಡಬೇಡಿ. ಗಾಜು ತಡೆದುಕೊಂಡರೂ ಒಳಗೆ ಸೆಲ್ ಕಣ್ಣಿಗೆ ಕಾಣದಂತೆ ಬಿರುಕು ಬಿಡುತ್ತದೆ, ಉತ್ಪಾದನೆ ಕುಗ್ಗುವುದು ವರ್ಷಗಳ ಮೇಲೆ ಗೊತ್ತಾಗುತ್ತದೆ.

ಹಂತ 5: ಅಳವಡಿಕೆ, ಮೀಟರ್, ಹಣ

ಬಿಸಿ ಸತು ಲೇಪದ ಕಂಬಿ, ಡಿಸಿ ಕಡೆಗೊಂದು, ಎಸಿ ಕಡೆಗೊಂದು, ಸಿಡಿಲು ತಡೆಗೊಂದು ಹೀಗೆ ಪ್ರತ್ಯೇಕ ಅರ್ಥಿಂಗ್ ಆಗಿದೆಯೇ ನೋಡಿ. ಕೆಲಸ ಮುಗಿದ ಮೇಲೆ ವಿವರಗಳನ್ನು ಪೋರ್ಟಲ್‌ಗೆ ಹಾಕಿ ನೆಟ್ ಮೀಟರ್‌ಗೆ (ಗ್ರಿಡ್‌ಗೆ ಕೊಟ್ಟ, ಅಲ್ಲಿಂದ ಪಡೆದ ವಿದ್ಯುತ್ ಎರಡನ್ನೂ ಅಳೆಯುವ ಮೀಟರ್) ಅರ್ಜಿ ಕೊಡಬೇಕು. ವಿವರ ತುಂಬುವವರು ಸಾಮಾನ್ಯವಾಗಿ ವೆಂಡರ್ ಕಡೆಯ ಹುಡುಗರು. ಸರಣಿ ಸಂಖ್ಯೆಯಲ್ಲಿ ಸೊನ್ನೆಯ ಜಾಗದಲ್ಲಿ ‘ಓ’ ಅಕ್ಷರ ಒತ್ತಿದರೂ ತಾಳೆಯಾಗದು. ಸಲ್ಲಿಸುವ ಮುನ್ನ ನಿಮ್ಮ ಫೋಟೊಗಳ ಜೊತೆ ಹೋಲಿಸಿ. ಎಸ್ಕಾಂ ಸಿಬ್ಬಂದಿ ಬಂದು ಪರಿಶೀಲಿಸಿ ಚಾಲನಾ ವರದಿ ಹಾಕಿದ ಮೇಲೆ ಬ್ಯಾಂಕ್ ವಿವರ, ರದ್ದುಪಡಿಸಿದ ಚೆಕ್ ಏರಿಸಿ. ಸಹಾಯಧನ ನೇರ ನಿಮ್ಮ ಖಾತೆಗೆ ಬರುತ್ತದೆ; ಅದಕ್ಕೆ 30 ದಿನಗಳ ಗುರಿ ಇಡಲಾಗಿದೆ.

ತಾಳೆಯಾಗದಿದ್ದರೆ

ಬಿಗಿಯುವ ಮೊದಲೇ ಗೊತ್ತಾದರೆ ಪ್ಯಾನೆಲ್ ವಾಪಸ್ ಕಳಿಸಿ, ಕಾರಣವನ್ನು ವೆಂಡರ್‌ಗೆ ಇಮೇಲ್ ಅಥವಾ ವಾಟ್ಸ್‌ಆ್ಯಪ್‌ನಲ್ಲಿ ಬರೆದು ತಿಳಿಸಿ. ಬಾಯಿಮಾತಿನಲ್ಲಿ ಮುಗಿಸಬೇಡಿ. ಆಮೇಲೆ ಗೊತ್ತಾದರೆ ಕೊಟೇಶನ್, ಫೋಟೊ, ಪ್ರಮಾಣಪತ್ರ ಸೇರಿಸಿ ರಾಷ್ಟ್ರೀಯ ಪೋರ್ಟಲ್‌ನಲ್ಲಿಯೇ ದೂರು ದಾಖಲಿಸಿ, ಅದರ ಪ್ರತಿಯನ್ನು ಎಸ್ಕಾಂ ಕಚೇರಿಗೂ ಕೊಡಿ. ಕೊನೆಯ ಕಂತಿನ ಹಣವನ್ನು ಚಾಲನಾ ವರದಿ ಬರುವವರೆಗೆ ತಡೆದಿಟ್ಟುಕೊಳ್ಳುವ ಷರತ್ತನ್ನು ಒಪ್ಪಂದದಲ್ಲಿ ಮೊದಲೇ ಹಾಕಿಸಿದ್ದರೆ ವೆಂಡರ್ ತಾನಾಗಿಯೇ ಓಡಿಬರುತ್ತಾರೆ. 5 ವರ್ಷಗಳ ನಿರ್ವಹಣೆ ವೆಂಡರ್ ಹೊಣೆ. ಪ್ಯಾನೆಲ್ ತಯಾರಕರು ಸಾಮಾನ್ಯವಾಗಿ ಕೊಡುವ 25 ವರ್ಷಗಳ ಕಾರ್ಯಕ್ಷಮತೆ ವಾರಂಟಿಯನ್ನು ಕೇಳಲೂ ಬೇಕಾಗುವುದು ಅದೇ ಸರಣಿ ಸಂಖ್ಯೆಯಾದ್ದರಿಂದ, ಹಣ ಬಂದ ಮೇಲೂ ಆ ಕಡತವನ್ನು ಮನೆಪತ್ರಗಳ ಜೊತೆಯಲ್ಲೇ ಇಡಿ.