ಬಿಪಿ ಇರುವ ಬೆಕ್ಕಿಗೆ ನೋವಿನ ಮದ್ದು: ನಾನು ಕೊಡುವ ಕ್ರಮ

ಮಂಗಳೂರಿನ ನನ್ನ ಕ್ಲಿನಿಕ್ಕಿಗೆ ಬರುವ ಹನ್ನೆರಡು ದಾಟಿದ ಬೆಕ್ಕುಗಳಲ್ಲಿ ಹೆಚ್ಚಿನವಕ್ಕೆ ಗಂಟುನೋವು ಇದ್ದೇ ಇರುತ್ತದೆ. ಕಿಡ್ನಿ ಸೋತಿದ್ದರೆ ಎಷ್ಟೋ ಸಲ ಬಿಪಿಯೂ ಏರಿರುತ್ತದೆ. ಎರಡಕ್ಕೂ ಮದ್ದು ಬೇಕು, ಆದರೆ ಎರಡನ್ನೂ ನಾನು ಒಂದೇ ದಿನ ಶುರು ಮಾಡುವುದಿಲ್ಲ. ಬೆಕ್ಕು ವಾಂತಿ ಮಾಡಿದರೆ, ಮಂಕಾಗಿ ಕೂತರೆ, ಯಾವುದರಿಂದ ಅಂತ ಹೇಗೆ ಹೇಳುವುದು?

ಹದಿನಾಲ್ಕು ವರ್ಷದ ಒಂದು ಹೆಣ್ಣು ಬೆಕ್ಕಿನ ವಿಷಯವನ್ನೇ ಹೇಳುತ್ತೇನೆ. ತೂಕ ನಾಲ್ಕು ಕೆಜಿ. ಕಪಾಟು ಹತ್ತುವುದನ್ನು ಬಿಟ್ಟಿತ್ತು. ಸೊಂಟದ ಹತ್ತಿರ ರೋಮ ಸಿಕ್ಕುಗಟ್ಟಿತ್ತು, ಅಲ್ಲಿಯವರೆಗೆ ಬಾಗಿ ನೆಕ್ಕಿಕೊಳ್ಳಲು ಆಗುತ್ತಿರಲಿಲ್ಲ. ಕಿಡ್ನಿ ಎಷ್ಟು ಸೋತಿದೆ ಅಂತ ತೋರಿಸುವ ರಕ್ತದ ಕ್ರಿಯಾಟಿನಿನ್ 2.3, ಅಂದರೆ ಏರಿತ್ತು. ಬುಟ್ಟಿಯ ಮುಚ್ಚಳ ತೆಗೆದು ಹತ್ತು ನಿಮಿಷ ಅದರ ಪಾಡಿಗೆ ಬಿಟ್ಟೆ, ಆಮೇಲೆ ಬಾಲದ ಬುಡಕ್ಕೆ ಬಿಪಿ ಅಳೆಯುವ ಪಟ್ಟಿ ಸುತ್ತಿದೆ. ನೋಯುವ ಕಾಲನ್ನು ಎಳೆದು ಹಿಡಿದರೆ ಬಿಪಿ ಅದಕ್ಕೇ ಏರುತ್ತದೆ. ಮೊದಲ ರೀಡಿಂಗ್ ಬಿಟ್ಟು ಉಳಿದವುಗಳ ಸರಾಸರಿ ತೆಗೆದರೆ 190. ಮೇಲಿನ ಬಿಪಿ 160 ದಾಟಿ ಅಲ್ಲೇ ನಿಂತರೆ ಚಿಕಿತ್ಸೆ ಬೇಕು. 180ರ ಮೇಲೆ ಕಣ್ಣಿನ ರೆಟಿನಾ ಕಳಚಿ ಬೆಕ್ಕು ಇದ್ದಕ್ಕಿದ್ದಂತೆ ಕುರುಡಾಗಬಹುದು. ಹಾಗಾಗಿ ಬಿಪಿಯ ಮದ್ದೇ ಮೊದಲು.

ಆಮ್ಲೋಡಿಪಿನ್ 2.5 ಮಿ.ಗ್ರಾಂ ಗುಳಿಗೆಯ ಕಾಲು ಭಾಗ, ಅಂದರೆ 0.625, ದಿನಕ್ಕೊಮ್ಮೆ. "ಇದು ನಮ್ಮವರು ತಿನ್ನುವ ಗುಳಿಗೆಯೇ ಅಲ್ವಾ ಡಾಕ್ಟ್ರೇ? ಮನೆಯಲ್ಲಿ ಉಂಟು" ಅಂದರು ಬೆಕ್ಕಿನ ಯಜಮಾನಿ. "ಸ್ಟ್ರಿಪ್ ತನ್ನಿ ಅಮ್ಮಾ, ನೋಡಿ ಹೇಳುತ್ತೇನೆ" ಅಂದೆ. ನೋಡಿದರೆ ಹೆಸರಿನ ಕೊನೆಗೆ 'ಎಟಿ' ಇತ್ತು: ಜೊತೆಗೆ ಅಟೆನೊಲಾಲ್. ಅದು ಬೇರೆಯೇ ಮದ್ದು, ಹೃದಯದ ಬಡಿತ ಇಳಿಸುವಂಥದ್ದು. ನೋವಿಗೆ ಕೊಡುವ ಗ್ಯಾಬಾಪೆಂಟಿನ್‌ನಲ್ಲೂ ಇದೇ ಕಾಟ. 'ಎನ್‌ಟಿ' ಅಂತ ಬಂದರೆ ಖಿನ್ನತೆಯ ಮದ್ದಾದ ನಾರ್ಟ್ರಿಪ್ಟಿಲಿನ್ ಸೇರಿರುತ್ತದೆ. ದನಗಳಿಗೆ ಬರುವ, ನೋವು ಊತ ಇಳಿಸುವ ಕೆಲವು ಮೆಲಾಕ್ಸಿಕಾಮ್ ಇಂಜೆಕ್ಷನ್‌ಗಳಲ್ಲಿ ಪ್ಯಾರಾಸಿಟಮಾಲ್ ಬೆರೆತಿರುತ್ತದೆ, ಅದು ಬೆಕ್ಕಿಗೆ ವಿಷ. ನಮ್ಮ ಮೆಡಿಕಲ್ ಶಾಪ್‌ಗಳಲ್ಲಿ ಮಿಶ್ರಣದ ಮದ್ದು ಕೊಟ್ಟುಬಿಡಬಾರದು ಅಂತ ಚೀಟಿಯ ಮೇಲೆ 'ಬರೀ ಆಮ್ಲೋಡಿಪಿನ್' ಅಂತ ಕನ್ನಡದಲ್ಲೇ ಬರೆದುಕೊಡುತ್ತೇನೆ.

ವಾರ ಕಳೆದು ಬಿಪಿ 150ಕ್ಕೆ ಇಳಿದ ಮೇಲೆ ನೋವಿಗೆ ಗ್ಯಾಬಾಪೆಂಟಿನ್ ಸೇರಿಸಿದೆ. ಅದು ಹೊರಹೋಗುವುದು ಕಿಡ್ನಿಯ ಮೂಲಕ, ಆದ್ದರಿಂದ ಪ್ರಮಾಣ ಕಡಿಮೆ ಇಟ್ಟೆ. ಮೊದಲೆರಡು ದಿನ ತೂರಾಡಿತು, ಆಮೇಲೆ ಸರಿಹೋಯಿತು. ನೋವು ಪೂರ್ತಿ ಹಿಡಿತಕ್ಕೆ ಬರದಿದ್ದಾಗ ಬೆಕ್ಕಿನ ಮೆಲಾಕ್ಸಿಕಾಮ್ ಸಿರಪ್ಪನ್ನು ತೀರಾ ಸಣ್ಣ ಪ್ರಮಾಣದಲ್ಲಿ, ಊಟದ ಜೊತೆ ಕೊಟ್ಟು, ಕಿಡ್ನಿಯ ರಕ್ತಪರೀಕ್ಷೆ ಮತ್ತೆ ಮಾಡಿಸಿದೆ. ನಾಯಿಯ ಸಿರಪ್ ಬೇಡವೇ ಬೇಡ. ಅದು ಮೂರು ಪಟ್ಟು ಗಟ್ಟಿ.

ಆಮ್ಲೋಡಿಪಿನ್ ಜೊತೆ ಇದನ್ನೆಲ್ಲ ಎಚ್ಚರದಿಂದ ನಿಭಾಯಿಸಬಹುದು. ನನಗೆ ಹೆದರಿಕೆ ಇರುವುದು ಬಿಪಿ ಇಳಿಸುವ ಬೇರೆ ಮದ್ದುಗಳಾದ ಟೆಲ್ಮಿಸಾರ್ಟಾನ್, ಬೆನಾಜೆಪ್ರಿಲ್ ಜೊತೆಗಿನ ಮೆಲಾಕ್ಸಿಕಾಮ್ ಬಗ್ಗೆ. ಕಿಡ್ನಿಯ ಸೋಸುಗಂಟಿಗೆ ರಕ್ತ ತರುವ ನಾಳವನ್ನು ಮೆಲಾಕ್ಸಿಕಾಮ್ ಹಿಗ್ಗಲು ಬಿಡುವುದಿಲ್ಲ, ಹೊರಹೋಗುವ ನಾಳವನ್ನು ಟೆಲ್ಮಿಸಾರ್ಟಾನ್ ಸಡಿಲ ಬಿಡುತ್ತದೆ. ನಲ್ಲಿ ಅರ್ಧ ಮುಚ್ಚಿ ತೊಟ್ಟಿಯ ತೂಬು ತೆಗೆದ ಹಾಗೆ, ಒಳಗೆ ಒತ್ತಡವೇ ನಿಲ್ಲುವುದಿಲ್ಲ. ವಾಂತಿ ಭೇದಿಯಿಂದ ಮೈಯಲ್ಲಿ ನೀರು ಕಡಿಮೆಯಾಗಿದ್ದರೆ, ಮೂತ್ರ ಹೆಚ್ಚು ಹೋಗಿಸುವ ಫ್ಯೂರೋಸೆಮೈಡ್ ಕೂಡ ನಡೆಯುತ್ತಿದ್ದರೆ ಕಿಡ್ನಿ ಕೈಕೊಡುತ್ತದೆ.

ಮುಂದೆ ಈ ಬೆಕ್ಕಿನ ಮೂತ್ರದಲ್ಲಿ ಪ್ರೋಟೀನ್ ಸೋರತೊಡಗಿ ಟೆಲ್ಮಿಸಾರ್ಟಾನ್ ಬೇಕೇ ಆಯಿತು. ಆಗ ಮೊದಲು ಮೆಲಾಕ್ಸಿಕಾಮ್ ನಿಲ್ಲಿಸಿದೆ, ಕೆಲವು ದಿನ ಬಿಟ್ಟು ಟೆಲ್ಮಿಸಾರ್ಟಾನ್ ಶುರು ಮಾಡಿದೆ. ಗ್ಯಾಬಾಪೆಂಟಿನ್ ಮುಂದುವರಿಯಿತು, ನೋಯದೆ ಒಳಗೆ ಕಾಲಿಡಲು ಆಗಲಿ ಅಂತ ಮಲದ ಟ್ರೇಯ ಒಂದು ಬದಿಯನ್ನು ಕತ್ತರಿಸಿ ತಗ್ಗಿಸಲು ಹೇಳಿದೆ. ಅದಕ್ಕೂ ಮೊದಲು, ಮೆಲಾಕ್ಸಿಕಾಮ್ ನಡೆಯುತ್ತಿದ್ದಾಗ ಫ್ರಿಜ್ಜಿನ ಮೇಲೆ ಅಂಟಿಸಲು ಕೊಟ್ಟ ಚೀಟಿಯಲ್ಲಿ ಹೀಗಿತ್ತು: ಬಂಗುಡೆ ಇಟ್ಟರೂ ಮೂಸದ ದಿನ ನೋವಿನ ಸಿರಪ್ ಹಾಕಬೇಡಿ, ಬಿಪಿಯ ಗುಳಿಗೆಯನ್ನು ನೀವಾಗಿ ನಿಲ್ಲಿಸಬೇಡಿ, ಅವತ್ತೇ ಫೋನ್ ಮಾಡಿ.